ತನ್ನ ಸರ್ಕಾರವನ್ನೇ ಸೋಲಿಸಿದ ನೀಲವ್ವ

ಗದಗ, ಫೆಬ್ರವರಿ ಮೂವತ್ತೊಂದು, ೨೧೬೪

ಇನ್ನೂ ಹುಟ್ಟದವಳ ಪತ್ರ ಓದುತ್ತಿರುವ ಹಿರಿಯರಿಗೆ ನಮಸ್ಕಾರ.

ತಾರೀಖು ಕಂಡು ಗಾಬರಿಯಾಗಬೇಡಿ. ಬೇಸಿಗೆಯನ್ನು ಚಿಕ್ಕದು ಮಾಡುತ್ತೇವೆಂದು ಮಾತು ಕೊಟ್ಟು ಗೆದ್ದ ಸರ್ಕಾರವೊಂದು ಏಪ್ರಿಲ್‌ನಿಂದ ಕೆಲವು ದಿನಗಳನ್ನು ಕಿತ್ತು ಫೆಬ್ರವರಿಗೆ ಹೊಲಿಯಿತು. ಬಿಸಿಲು ಮಾತ್ರ ಆ ಆದೇಶವನ್ನು ಇನ್ನೂ ಓದಿಲ್ಲ. ನನ್ನ ಕೆಲವು ಶಬ್ದಗಳೂ ನಿಮಗೆ ವಿಚಿತ್ರವೆನಿಸಬಹುದು, ಕ್ಷಮೆಯಿರಲಿ.

ನಮ್ಮ ಬೀದಿಗಳಿಗೆಲ್ಲ ‘ಮೇಲುಸೆರಗು’ ಇದೆ. ಅಂದರೆ, ಒಂದು ತಾರಸಿಯಿಂದ ಎದುರಿನ ತಾರಸಿಗೆ ಹಗ್ಗದ ಮೇಲೆ ಓಡಾಡುವ ದಪ್ಪ ಬಟ್ಟೆ. ಸೂರ್ಯ ಸರಿದಂತೆ ಅದನ್ನು ಎಳೆದು ಸರಿಸುವವರು ‘ಸೆರಗಾಳು’ಗಳು. ಸರ್ಕಾರ ಇದಕ್ಕೆ ಯಂತ್ರಗಳನ್ನೂ ತಂದು ನೋಡಿತು. ಅವು ಬಿಸಿಲಿಗೆ ಕೆಟ್ಟು ನಿಂತವು; ಅವಕ್ಕೆ ನೆರಳು ಮಾಡಲು ಮತ್ತೆ ಸೆರಗಾಳುಗಳನ್ನೇ ಕರೆಯಬೇಕಾಯಿತು. ಇಲ್ಲಿ ಸಂತೆ ನಡೆಯುವುದು ನೆರಳಿನ ಹಿಂದೆ ಹಿಂದೆ. ಮದುವೆಯ ಮೆರವಣಿಗೆ ನೆರಳು ಬರುವ ತನಕ ತಿರುವಿನಲ್ಲಿ ನಿಲ್ಲುತ್ತದೆ, ವಾಲಗದವರು ಅದೇ ಹಾಡನ್ನು ಊದಿ ಊದಿ ಸುಸ್ತಾಗುತ್ತಾರೆ. ಊರಿಗೆಲ್ಲ ನೆರಳು ಕೊಡುವ ಸೆರಗಾಳುಗಳು ಮಾತ್ರ ಬಟ್ಟೆಯ ಮೇಲ್ಗಡೆ, ಉರಿಯುವ ತಾರಸಿಯಲ್ಲಿರುತ್ತಾರೆ.

ನೀಲವ್ವ ಕಣಗಿನಹಾಳ ಅವರಲ್ಲೊಬ್ಬರು. ಜೊತೆಯಲ್ಲಿ ದುಡಿಯುತ್ತಿದ್ದ ನಿಂಗವ್ವ ಹಗ್ಗ ಹಿಡಿದಲ್ಲೇ ಕುಸಿದು ತೀರಿಕೊಂಡ ವಾರವೇ ನೀಲವ್ವ ಸಂಘ ಕಟ್ಟಿದರು. ಬೇಡಿಕೆ ಒಂದೇ: ನಡುಮಧ್ಯಾಹ್ನ ಪಾಳಿಯ ಮೇಲೆ ಬಿಡುವು. ಅವರ ಗಂಟಲಿನ ಮುಂದೆ ಧ್ವನಿವರ್ಧಕಕ್ಕೇ ಸಂಕೋಚವಾಗುತ್ತಿತ್ತು. ಆ ಗಂಟಲೇ ಅವರನ್ನು ವಿಧಾನಸಭೆಗೆ ಕಳಿಸಿತು. ಕೊನೆಗೆ ಕಾರ್ಮಿಕ ಮಂತ್ರಿಯನ್ನೂ ಮಾಡಿತು. ನಾನು ಅವರ ಆಪ್ತ ಕಾರ್ಯದರ್ಶಿಯಾದೆ.

ಮಂತ್ರಿಗಿರಿ ಅವರಿಗೆ ಒಗ್ಗಲಿಲ್ಲ. ಕಚೇರಿಯ ಗೇಟಿನಲ್ಲಿ ಯಾರಾದರೂ ಧಿಕ್ಕಾರ ಕೂಗಿದರೆ ಒಳಗಿನಿಂದ ಇವರೂ ಗೊತ್ತಿಲ್ಲದೆ ದನಿ ಸೇರಿಸಿಬಿಡುತ್ತಿದ್ದರು. ಇನ್ನು ಕಡತಗಳು ರಾಶಿ ರಾಶಿ ಬರುತ್ತಿದ್ದವು, ಅಧಿಕಾರಿಗಳು ಬೆರಳಿಟ್ಟಲ್ಲಿ ಇವರು ಸಹಿ ಹಾಕುತ್ತಿದ್ದರು. ಹಾಗೆ ಹಾಕಿದ ಸಹಿಗಳಲ್ಲಿ, ಸೆರಗಾಳುಗಳ ಬಿಡುವನ್ನು ಅನಿರ್ದಿಷ್ಟ ಕಾಲ ಮುಂದೂಡುವ ಆದೇಶದ ಸಹಿಯೂ ಒಂದಾಯಿತು.

ಗದಗ ಸಿಡಿದೆದ್ದಿತು. ಸಂಘದ ಹೊಸ ಅಧ್ಯಕ್ಷ ಮಾಬೂಸಾಬ ನದಾಫ ಮುಷ್ಕರ ಸಾರಿದರು. ಮೇಲುಸೆರಗು ಮಡಚಿಕೊಂಡಿತು. ಬದನೆಕಾಯಿ ಬುಟ್ಟಿಯಲ್ಲೇ ಸುಟ್ಟುಹೋಯಿತು. ವಕೀಲರು ಕರಿ ಕೋಟು ಕಳಚಿ ತಲೆಯ ಮೇಲೆ ಹೊತ್ತು ಓಡಿದರು.

ಮಾತುಕತೆಗೆಂದು ನಾವು ಗದಗಕ್ಕೆ ಬಂದೆವು. ಉದ್ದನೆಯ ಮೇಜು, ಒಂದು ಕಡೆ ಸರ್ಕಾರ, ಎದುರಿಗೆ ಸಂಘ. ನೀಲವ್ವ ಬಂದವರೇ ಹಳೆಯ ರೂಢಿಯಂತೆ ಸಂಘದ ಕಡೆ ಹೋಗಿ ಕೂತರು. ಮಾಬೂಸಾಬರು ಬೆರಗಾಗಿ ಸ್ವಲ್ಪ ಸರಿದು ಜಾಗ ಕೊಟ್ಟರು. ಅಷ್ಟರಲ್ಲೇ ಮೇಜಿನ ಮೇಲೆ ನೀಲವ್ವನವರ ಗುದ್ದು ಬಿತ್ತು.

“ಈ ಸರ್ಕಾರಕ್ಕ ಕಣ್ಣ ಅದಾವಿಲ್ರಿ? ಯಾವ ಪುಣ್ಯಾತ್ಮ ಈ ಆದೇಶಕ್ಕ ಸಹಿ ಹಾಕ್ಯಾನ? ಹೆಸರ ಹೇಳ್ರಿ!”

ಎದುರಿನ ಖಾಲಿ ಕುರ್ಚಿಯ ಪಕ್ಕದಿಂದ ನಾನು ಮೆಲ್ಲಗೆ, “ಮೇಡಂ, ಅದು ನಿಮ್ಮದೇ ಸಹಿ” ಎಂದೆ.

ಸಂಘದವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನೀಲವ್ವ ನಗಲಿಲ್ಲ. ಆದೇಶ ಕೈಗೆತ್ತಿಕೊಂಡು ಮೊದಲ ಸಲ ಅದನ್ನು ಪೂರ್ತಿ ಓದಿದರು. ನಗು ತಾನಾಗಿ ನಿಂತಿತು.

“ನಿಂಗವ್ವನ ಕೈಯಾಗಿನ ಹಗ್ಗಾ ನಾನ ಬಿಡಿಸಿದ್ದೆ,” ಎಂದರು. “ಕೊಡವಾ ಪೆನ್ನು.” ಹಳೆಯ ಆದೇಶಕ್ಕೆ ಅಡ್ಡಗೆರೆ ಎಳೆದು, ಬಿಡುವು ಮಂಜೂರು ಎಂದು ಬರೆದು ಸಹಿ ಹಾಕಿದರು.

ಮಾಬೂಸಾಬರಿಗೆ ನಂಬಿಕೆ ಬರಲಿಲ್ಲ. “ಅಂದ್ರ ಸರ್ಕಾರ ಒಪ್ಪಿತೇನ್ರಿ ಅಕ್ಕಾರ?”

“ಒಪ್ಪೇತಿ. ಇನ್ನ ಸರ್ಕಾರಕ್ಕ ಗೊತ್ತಾಗಬೇಕಷ್ಟ.”

ಸಂಜೆಯೊಳಗೆ ಗೊತ್ತಾಯಿತು. ಮುಖ್ಯಮಂತ್ರಿಗಳು ಫೋನಿನಲ್ಲಿ, “ನೀವು ಯಾರ ಕಡೆಯವರು?” ಎಂದು ಗುಡುಗಿದರು. “ನಂಗೂ ಇವತ್ತ ಗೊತ್ತಾತ್ರಿ ಸಾಹೇಬ್ರ,” ಎಂದು ನೀಲವ್ವ ರಾಜೀನಾಮೆ ಕೊಟ್ಟರು. ಬಿಡುವಿನ ಆದೇಶ ಉಳಿಯಿತು. ಅದನ್ನು ಹಿಂತೆಗೆದುಕೊಂಡು ಗದಗದ ಬಿಸಿಲಿಗೆ ಬರುವ ಧೈರ್ಯ ಬೇರೆ ಯಾವ ಮಂತ್ರಿಗೂ ಇರಲಿಲ್ಲ.

ಅವರು ಮತ್ತೆ ಸಂಘ ಸೇರಲು ಹೋದರು. ಮಾಬೂಸಾಬರು ತಲೆ ತಗ್ಗಿಸಿ, ಮಾಜಿ ಮಂತ್ರಿಗಳಿಗೆ ಸದಸ್ಯತ್ವವಿಲ್ಲವೆಂಬ ನಿಯಮ ತೋರಿಸಿದರು. ಅದನ್ನು ಬರೆದವರು ಸ್ವತಃ ನೀಲವ್ವ. ಅವರು ಸಂಘದ ಬಾಗಿಲಲ್ಲೇ ಚಾಪೆ ಹಾಸಿ ಧರಣಿ ಕೂತರು. ಸೆರಗಾಳುಗಳು ಸದ್ದಿಲ್ಲದೆ ಅವರ ತಲೆಯ ಮೇಲೆ ಬಟ್ಟೆ ಎಳೆದರೆ, “ನೆರಳ ಬ್ಯಾಡ, ನ್ಯಾಯ ಕೊಡ್ರಿ!” ಎಂದು ಕೂಗುತ್ತಿದ್ದರು, ಬಟ್ಟೆಯ ಕೆಳಗಿನಿಂದ ಸರಿಯುತ್ತಿರಲಿಲ್ಲ.

ಕಡೆಗೆ ನಿಯಮ ತೆಗೆಯಲು ಸಭೆ ಸೇರಿತು. ಎಲ್ಲರೂ ಅವರ ಪರವಾಗಿದ್ದರು. ಕೈ ಎತ್ತುವ ಹೊತ್ತಿಗೆ ಬಾಗಿಲಿನಿಂದ ಗುಡುಗು ಬಂತು: “ತೆಗೀಬ್ಯಾಡ್ರೋ! ಇವತ್ತ ನಾ ಬರ್ತೀನಿ, ನಾಳೆ ಎಲ್ಲಾ ಮಾಜಿಗಳೂ ಬಂದು ನಿಮ್ಮ ತಲಿ ಮ್ಯಾಲ ಕೂಡ್ತಾರ!” ಅರ್ಧ ತಾಸು ತಮ್ಮ ವಿರುದ್ಧವೇ ವಾದಿಸಿದರು. ನಿಯಮ ಉಳಿಯಿತು. “ಗೆದ್ದೆ” ಎನ್ನುತ್ತ ಚಾಪೆ ಸುತ್ತಿ ಮನೆಗೆ ಹೋದರು. ಅಂದು ಅವರಷ್ಟು ಖುಷಿಯಾದವರನ್ನು ನಾನು ಕಂಡಿಲ್ಲ.

ಹಿರಿಯರೇ, ನಿಮ್ಮಲ್ಲಿ ವಿನಂತಿ. ನಿಮ್ಮ ಸಂಘದ ಬಾಗಿಲಿಗೆ ಯಾರಾದರೂ ಮಾಜಿ ಮಂತ್ರಿ ಬಂದರೆ ಕೂರಿಸಿ, ಮಜ್ಜಿಗೆ ಕೊಡಿ, ಸುಖದುಃಖ ಕೇಳಿ. ಸದಸ್ಯತ್ವ ಮಾತ್ರ ಕೊಡಬೇಡಿ. ಹೀಗೆಂದು ನಿಮಗೆ ಬರೆಯಲು ನೀಲವ್ವನವರೇ ಹೇಳಿದ್ದಾರೆ.

ನಿಮ್ಮ ಮುಂದಿನ ತಲೆಮಾರಿನ,
ಸುಮಂಗಲಾ ಕಮ್ಮಾರ