ನೆರಡಿ ಎತ್ತಿನ ತೊಗಲು

ಕಲಬುರಗಿ
ರವಿವಾರ, 19ನೇ ಫೆಬ್ರವರಿ 1950

ತಂದೆಯ ಸಮಾನರಾದ ಉಸ್ತಾದ್ ನಬಿಸಾಬರಿಗೆ ನಿಮ್ಮ ಮಾಪಣ್ಣನ ಸಲಾಮುಗಳು.

ಹೈದರಾಬಾದಿನಿಂದ ನೀವು ಬರೆದ ಕಾಗದ ನನ್ನ ಕೈ ಸೇರಿ ಐದು ವಾರವಾಯಿತು. ಉತ್ತರ ತಡವಾದದ್ದಕ್ಕೆ ದನದ ದವಾಖಾನೆಯ ಕೆಲಸ, ನಮ್ಮ ಮನೆಯಾಕೆ ಸಾವಿತ್ರಿಬಾಯಿಯ ಚಳಿಜ್ವರ, ಆಮೇಲೆ ಶಿವರಾತ್ರಿ ಎಂದು ಮೂರು ನೆಪ ಹೊಂದಿಸಿ ಇಟ್ಟುಕೊಂಡಿದ್ದೆ. ನಿಮ್ಮ ಮುಂದೆ ನೆಪ ಹೇಳಿ ನಾನು ಯಾವತ್ತು ಗೆದ್ದಿದ್ದೇನೆ? ಬರೆಯಲು ಧೈರ್ಯ ಸಾಲಲಿಲ್ಲ, ಅಷ್ಟೇ. ದೊಡ್ಡ ಮನಸ್ಸು ಮಾಡಿ ಮುಂದೆ ಓದಬೇಕು.

ನಿಮ್ಮ ಮೊಣಕಾಲು ನೋವು ಈಗ ಹೇಗಿದೆ? ಮಗಳ ಮನೆಯ ಮೆಟ್ಟಿಲು ಹತ್ತಿ ಇಳಿಯುವುದು ಕಷ್ಟ ಎಂದು ಬರೆದಿದ್ದಿರಿ. ಕುದುರೆಗೆ ತಿಕ್ಕುವ ಎಣ್ಣೆಯನ್ನೇ ನಿಮ್ಮ ಮೊಣಕಾಲಿಗೂ ತಿಕ್ಕಿಕೊಳ್ಳುತ್ತಿದ್ದ ನೀವು ಅಲ್ಲಿ ಹಕೀಮರ ಔಷಧ ಕುಡಿಯುತ್ತಿದ್ದೀರಿ ಎಂದು ಓದಿ ದವಾಖಾನೆಯಲ್ಲಿ ಎಲ್ಲರೂ ನಕ್ಕೆವು. ನಿಮ್ಮ ಜಾಗಕ್ಕೆ ಬಂದಿರುವ ಹೊಸ ಸಾಲೋತ್ರಿಗೆ ದನದ ಬಾಯಿಗೆ ಬಿದಿರಿನ ಗೊಟ್ಟ ಇಡಲೂ ಬರುವುದಿಲ್ಲ. ಅರ್ಧ ಔಷಧ ಅವರ ಅಂಗಿಗೇ ಹೋಗುತ್ತದೆ. ರೈತರು ಇನ್ನೂ ಬಾಗಿಲಲ್ಲಿ ನಿಂತು "ನಬಿಸಾಬ್ರು ಇಲ್ಲೇನ್ರಿ?" ಎಂದು ಕೇಳುತ್ತಾರೆ. ಆಗ ನಾನು ಒಳಗೆ ಹೋಗಿ ಬಾಟಲಿ ತೊಳೆಯುತ್ತ ನಿಲ್ಲುತ್ತೇನೆ.

ನಿಮ್ಮ ಕಾಗದದಲ್ಲಿ ಎರಡು ಪ್ರಶ್ನೆಗಳಿದ್ದವು. "ಬಸ್ರಾದ ಮಾತು ನಾನು ನಿನಗೊಬ್ಬನಿಗೇ ಹೇಳಿದ್ದೆ, ಅದು ನನ್ನ ಮೇಲಿನ ಅರ್ಜಿಯೊಳಗೆ ಹೇಗೆ ಹೋಯಿತು?" ಎಂಬುದು ಒಂದು. ಆ ಅರ್ಜಿಗೆ ಐವರು ಸಹಿ ಮಾಡಿದ್ದಾರಂತೆ, ಅವರು ಯಾರು ಎಂಬುದು ಇನ್ನೊಂದು. ಮಾರ್ಚ್ ಆರನೇ ತಾರೀಖು ನಿಮ್ಮ ವಿಚಾರಣೆ ಇದೆ. ಹನ್ನೊಂದು ತಿಂಗಳು ಜೇಲಿನಲ್ಲಿಟ್ಟು, ಗುನ್ನೆ ಏನೆಂದು ಹೇಳದೆ ಬಿಟ್ಟರು. ಬಿಟ್ಟರೂ ಹೆಸರಿಗೆ ಹತ್ತಿದ ಮಸಿ ಹೋಗಿಲ್ಲ. ಈ ಸಲವೂ ಯಾರೂ ನಿಜ ಹೇಳದಿದ್ದರೆ ನೀವು ಬಾವಿಗೆ ರೋಗ ಹಾಕಿದವರಾಗಿಯೇ ಉಳಿಯುತ್ತೀರಿ. ಅದಕ್ಕೇ ಇವತ್ತು ಬಾಗಿಲು ಹಾಕಿಕೊಂಡು ಬರೆಯಲು ಕುಳಿತಿದ್ದೇನೆ.

ಮೊದಲನೆಯದಕ್ಕೆ ಉತ್ತರ: ಆ ಮಾತನ್ನು ಹೊರಗೆ ಹಾಕಿದವನು ನಾನು. ಕಮಲಾಪುರದ ದೌಲಪ್ಪನಿಗೆ ಹೇಳಿದೆ.

ದೌಲಪ್ಪನನ್ನು ನೀವು ಬಲ್ಲಿರಿ. ನಾವಿಬ್ಬರೂ ಚಿಕ್ಕವರಿದ್ದಾಗ ಒಂದೇ ಅಡವಿಯಲ್ಲಿ ದನ ಕಾದವರು. ದನಗಳು ಅವನ ಅಪ್ಪನವು, ಕಾಯುವ ಕೆಲಸ ನನ್ನದು, ಅವನು ಜೊತೆಗೆ ಬರುತ್ತಿದ್ದ. ಊರೊಳಗೆ ನಾನು ಅವನ ಕಟ್ಟೆಯ ಕೆಳಗೆ ನಿಲ್ಲಬೇಕು. ತೋಟದಲ್ಲಿ ಮಾತ್ರ ಒಂದೇ ಬದುವಿನ ಮೇಲೆ ಕುಳಿತು ರೊಟ್ಟಿ ತಿನ್ನುತ್ತಿದ್ದೆವು. ದೊಡ್ಡವರಾದ ಮೇಲೂ ಅದು ನಡೆದಿತ್ತು. ಕೆಂಪು ಬಾಳೆಯ ಗೊನೆ ಮಾರಲು ಕಲಬುರಗಿಗೆ ಬಂದಾಗಲೆಲ್ಲ ದವಾಖಾನೆಗೆ ಬಂದು "ಏನೋ ಮಾಪ್ಯಾ, ಹೊಸಾದೇನದ?" ಎನ್ನುತ್ತಿದ್ದ. ನಾನು ಹೇಳಿದ್ದನ್ನು ಕೊನೆಯವರೆಗೂ ಕೇಳುತ್ತಿದ್ದ. ನಮ್ಮಂಥವರ ಮಾತನ್ನು ಊರಗೌಡನೊಬ್ಬ ಕಿವಿಗೊಟ್ಟು ಕೇಳಿದರೆ ಎಷ್ಟು ಉಬ್ಬುತ್ತೇವೆ ಎಂಬುದು ನಿಮಗೆ ತಿಳಿಯಲಿಕ್ಕಿಲ್ಲ. ನಾನಂತೂ ಉಬ್ಬಿಹೋಗಿದ್ದೆ.

ಹಾಗೆ ಒಂದು ದಿನ ಅವನ ತೋಟದ ಬದುವಿನ ಮೇಲೆ ಕುಳಿತು ನಿಮ್ಮ ಬಸ್ರಾದ ಕಥೆ ಹೇಳಿದೆ. ಮೊದಲ ಮಹಾಯುದ್ಧದಲ್ಲಿ ನೀವು ಅಲ್ಲಿ ಪಲ್ಟನ್ನಿನ ಹೇಸರಗತ್ತೆಗಳನ್ನು ನೋಡಿಕೊಳ್ಳುತ್ತಿದ್ದದ್ದು, ಜರ್ಮನಿಯ ಗೂಢಚಾರರು ಶತ್ರುಗಳ ಕುದುರೆ ದನಗಳಿಗೆ ಬೇಕೆಂದೇ ನೆರಡಿ ಬೇನೆ ಹತ್ತಿಸುತ್ತಾರೆ ಎಂದು ಬಿಳಿಯ ಡಾಕ್ಟರು ಎಚ್ಚರಿಸಿದ್ದು, ನೀವೆಲ್ಲ ಮೇವಿನ ಹೊರೆಗೂ ಪಹರೆ ನಿಂತದ್ದು. ಇಂಗ್ಲಿಷಿನವರು ಆಂಥ್ರಾಕ್ಸ್ ಎನ್ನುವ ಇದನ್ನೇ ಎರಡನೇ ಯುದ್ಧದಲ್ಲಿ ದೊಡ್ಡ ದೊಡ್ಡ ರಾಜ್ಯಗಳು ಬಾಂಬಿನೊಳಗೆ ತುಂಬಲು ನೋಡಿದ್ದವು ಎಂದು ನಮ್ಮ ದವಾಖಾನೆಯ ಡಾಕ್ಟರು ಪತ್ರಿಕೆ ಓದಿ ಹೇಳಿದ್ದನ್ನೂ ಸೇರಿಸಿದೆ. ಆಗ ನೀವು ಆಡಿದ ಮಾತನ್ನೂ ಬಿಡಲಿಲ್ಲ: "ಬೇಟಾ, ಗುಂಡು ಒಮ್ಮೆ ಹಾರಿದ್ರ ಮುಗೀತು. ಇದು ಹಂಗಲ್ಲ. ಮಣ್ಣಾಗ ಸುಮ್ನ ಕುಂತಿರ್ತದ, ನಲವತ್ತು ಐವತ್ತು ವರ್ಷ. ಇದನ್ನ ಹತ್ಯಾರ ಮಾಡೋ ಮನುಷ್ಯಾಗ ತಾ ಯಾರನ್ನ ಕೊಲ್ಲಾಕತ್ತೀನಿ ಅನ್ನೋದೇ ಗೊತ್ತಿರಂಗಿಲ್ಲ."

ದೌಲಪ್ಪ ಎಲ್ಲ ಕೇಳಿ, "ಭಾಳ ಶಾಣ್ಯಾ ಆಗೀಯೋ ನೀ" ಎಂದ. ಆ ಒಂದು ಮಾತಿಗೆ ನಾನು ಎರಡು ದಿನ ನೆಲದ ಮೇಲೆ ನಡೆಯಲಿಲ್ಲ.

ಮುಂದಿನದು ನಿಮಗೆ ಅರ್ಧ ಗೊತ್ತು. ನಲವತ್ತೆಂಟರ ಶ್ರಾವಣದಲ್ಲಿ ಅವನ ಎತ್ತು ಹಂಡ ಸತ್ತಾಗ ನಾವಿಬ್ಬರೂ ಕಮಲಾಪುರಕ್ಕೆ ಹೋಗಿದ್ದೆವು. ಮೂಗಿನಿಂದ ಕರೀ ರಕ್ತ ಇಳಿಯುತ್ತಿತ್ತು, ಹೆಪ್ಪುಗಟ್ಟಿರಲಿಲ್ಲ. ನೀವು ರುಮಾಲಿನ ಸೆರಗನ್ನು ಮೂಗಿಗೆ ಕಟ್ಟಿಕೊಂಡು, "ಗೌಡ್ರ, ಇದು ನೆರಡಿ. ಆಳುದ್ದ ತೆಗ್ಗು ತೋಡಿ ಸುಣ್ಣ ಹಾಕಿ ಹೂಳ್ರಿ. ಯಾರೂ ಚೂರಿ ಮುಟ್ಟಸಬ್ಯಾಡ್ರಿ. ತೊಗಲಿನ ಆಸೆ ಬಿಡ್ರಿ" ಎಂದಿರಿ. ಅವನು ನಮ್ಮ ಎದುರಿಗೇ ತೆಗ್ಗು ತೋಡಿಸಿ, ಎತ್ತಿನ ಹಣೆಗೆ ವಿಭೂತಿ ಹಚ್ಚಿ, ಮೊದಲ ಹಿಡಿ ಮಣ್ಣು ತಾನೇ ಹಾಕಿ ಅತ್ತ. ಆ ಅಳು ಸುಳ್ಳೆಂದು ಈಗಲೂ ನನಗೆ ಅನ್ನಿಸುವುದಿಲ್ಲ.

ಹನ್ನೆರಡು ದಿನಕ್ಕೆ ನನ್ನ ತಮ್ಮ ಯಂಕಪ್ಪ ಬಂದ. ಮುಂಗೈ ಮೇಲೆ ಸುಟ್ಟಂಥ ಕರೀ ಹುಣ್ಣು, ರಟ್ಟೆಯವರೆಗೆ ಬಾವು. "ನೋವೇನಿಲ್ಲಣ್ಣಾ" ಎನ್ನುತ್ತಿದ್ದ. ನೋಡಿದ ಕೂಡಲೇ ನಿಮಗೂ ತಿಳಿಯಿತು, ನನಗೂ ತಿಳಿಯಿತು. ಎಲ್ಲಿ ಹತ್ತಿತೋ ಎಂದು ಎಷ್ಟು ಕೇಳಿದರೂ, "ಗೌಡ್ರ ಬಾವಿ ನೀರಾಗ ಕೈ ಆಡಿಸಿದ್ದೆ" ಎಂದನೇ ಹೊರತು ಬೇರೆ ಹೇಳಲಿಲ್ಲ. ಮೂರನೇ ದಿನ ನಿಮ್ಮ ತೊಡೆಯ ಮೇಲೆ ತಲೆಯಿಟ್ಟು ಪ್ರಾಣ ಬಿಟ್ಟ. ಆಮೇಲೆ ಬಾವಿಯ ದೋಣಿಯಲ್ಲಿ ನೀರು ಕುಡಿದ ಎರಡು ದನ, ನಾಲ್ಕು ಆಡು ಸತ್ತವು. ಅಷ್ಟರಲ್ಲಿ ಯೂನಿಯನ್ ಮಿಲಿಟರಿ ಬಂತು, ರಜಾಕಾರರು ಓಡಿದರು, ಊರೂರಲ್ಲಿ ಯಾರು ಯಾರ ಮೇಲೆ ಏನು ಹೇಳಿದರೂ ನಡೆಯುವ ದಿನಗಳು ಬಂದವು. ನಬಿಸಾಬ ಸಾಲೋತ್ರಿ ಜರ್ಮನರಿಂದ ವಿದ್ಯೆ ಕಲಿತು ಬಂದವನು, ರಜಾಕಾರರ ಮಾತು ಕೇಳಿ ಬಾವಿಗೆ ನೆರಡಿ ಹಾಕಿದ ಎಂದು ಅರ್ಜಿ ಹೋಯಿತು. ಬಸ್ರಾದ ಮೇವಿಗೆ ಪಹರೆ ನಿಂತವರನ್ನು ಮೇವಿಗೆ ವಿಷ ಹಾಕಿದವರನ್ನಾಗಿ ಮಾಡಿದರು.

ಇನ್ನು ನಿಮಗೆ ಗೊತ್ತಿಲ್ಲದ್ದು. ತಮ್ಮ ಸತ್ತ ಮೇಲೆ ನಾನು ಆ ತೋಟಕ್ಕೆ ಕಾಲಿಟ್ಟಿರಲಿಲ್ಲ. ಹೋದ ತಿಂಗಳು ಕಮಲಾಪುರಕ್ಕೆ ಒಂದು ಆಕಳ ಹೆರಿಗೆ ನೋಡಲು ಹೋದವನು, ಯಂಕಪ್ಪನ ಹೆಂಡತಿ ಸಾಬಮ್ಮ ಅಲ್ಲಿ ಕೂಲಿಗೆ ಹೋಗಿದ್ದಾಳೆಂದು ತಿಳಿದು ತೋಟಕ್ಕೆ ಹೋದೆ. ಬಾವಿಯಲ್ಲಿ ಎತ್ತುಗಳು ಎಳೆಯುವ ಕಪಿಲೆ ನಡೆದಿತ್ತು. ನೀರೆತ್ತುವ ತೊಗಲಿನ ಬಾನಿ ಮೇಲೆ ಬಂದು ದೋಣಿಗೆ ನೀರು ಸುರಿದು ಕೆಳಗಿಳಿಯಿತು. ಎರಡನೇ ಸಲ ಮೇಲೆ ಬಂದಾಗ ಅದರ ಹೊಟ್ಟೆಯ ಮೇಲೆ ಮೂರು ಬರೆ ಕಂಡವು. ಎರಡು ಉದ್ದ, ನಡುವೆ ಒಂದು ಗಿಡ್ಡ. ಹಂಡನ ಹೆಗಲು ಬಿದ್ದಾಗ ನೀವು ಕಾದ ಕಬ್ಬಿಣದಿಂದ ಎಳೆದ ಬರೆಗಳು, ಉಸ್ತಾದ್. ಕಾಲು ಹಿಡಿದು ಕೆಡವಿದವನು ನಾನೇ. ಬೇರೆ ಯಾವ ಸಾಲೋತ್ರಿಯೂ ಹಾಗೆ ಬರೆ ಹಾಕುವುದಿಲ್ಲ.

ಸಾಬಮ್ಮನನ್ನು ಬಾಳೆಯ ಮರೆಗೆ ಕರೆದು ಕೇಳಿದೆ. ಮೊದಲು ಸುತ್ತ ನೋಡಿದಳು. ಆಮೇಲೆ ಸೆರಗು ಬಾಯಿಗೆ ಹಿಡಿದು ಹೇಳಿದಳು: "ನೀವು ಅತ್ಲಾಗ ಹೋದ್ರಿ, ಇತ್ಲಾಗ ಗೌಡ ಕರೀಲಿಕ್ಕಿ ಬಂದ ಭಾವಾ. ತೆಗ್ಗಿನಿಂದ ತೆಗ್ಸಿ ಇವರ ಕಡಿಂದನೇ ಸುಲಿಸ್ದ, ಬಾನಿ ಹೊಲಿಸ್ದ. ಅಣ್ಣಗ ಹೇಳಬ್ಯಾಡ, ಬೇನಿ ಎಲ್ಲಾ ಸುಣ್ಣದಾಗೇ ಸತ್ತಾದ ಅಂದ. ಇವರು ಮಾತು ಕೊಟ್ಟಿದ್ರು. ಸಾಯೋತನಕ ತಪ್ಪಲಿಲ್ಲ."

ಸತ್ತ ದನ ಹೊತ್ತು ಸುಲಿಯುವುದು ನಮ್ಮ ಕೇರಿಯ ಪಾಲಿನ ಕೆಲಸ. ನಾನು ದವಾಖಾನೆ ಸೇರಿ ತಪ್ಪಿಸಿಕೊಂಡೆ, ತಮ್ಮನಿಗೆ ಆಗಲಿಲ್ಲ. ಗೌಡ ಕರೆದರೆ ಚೂರಿ ತೆಗೆದುಕೊಂಡು ಹೋಗಲೇಬೇಕು. ಬೇರೆ ಯಾವ ಗೌಡನಾದರೂ ಗೊತ್ತಿಲ್ಲದೆ ಕರೆದಾನು. ಇವನಿಗೆ ಎಲ್ಲ ಗೊತ್ತಿತ್ತು. ನೆರಡಿ ಮುಟ್ಟಿದರೆ ಏನಾಗುತ್ತದೆ ಎಂದು ಬದುವಿನ ಮೇಲೆ ಕೂರಿಸಿಕೊಂಡು ನಾನೇ ಕಲಿಸಿದ್ದೆ.

ದೌಲಪ್ಪ ತೋಟ ಕಾಯುವ ಮಂಚಿಕೆಯ ಹತ್ತಿರ ಗೊನೆ ಎಣಿಸುತ್ತಿದ್ದ. ಹೋಗಿ ನಿಂತೆ.

"ಗೌಡ್ರ, ಈ ಬಾನಿ ಯಾವ ಎತ್ತಿಂದು?"

ಅವನು ಸುಳ್ಳು ಹೇಳಲಿಲ್ಲ. "ಹಂಡಂದು," ಎಂದ. "ಏಳು ವರ್ಷ ಇದೇ ಬಾವೀಲಿಂದ ನೀರ ಎತ್ತ್ಯಾನ. ಅಂಥ ತೊಗಲ ಮಣ್ಣಾಗ ಹ್ಯಾಂಗ ಹಾಕಲೋ? ಸತ್ತ ಮ್ಯಾಲನೂ ನನ್ನ ತೋಟಕ್ಕ ನೀರ ಎತ್ತಲಿ ಅಂದೆ."

"ನನ್ನ ತಮ್ಮ ಸತ್ತ."

"ಅವಂಗ ಹೇಳಿದ್ದೆ ನಾ, ಕೈ ಸ್ವಚ್ಛ ತೊಳಕೋ ಅಂತ."

ಕೈ ತೊಳೆಯಲು ಹೇಳಬೇಕಾದರೆ ಕೈಗೆ ಏನು ಹತ್ತುತ್ತದೆ ಎಂಬುದು ಅವನಿಗೆ ಗೊತ್ತಿರಬೇಕಲ್ಲವೇ? ಗೊತ್ತಿದ್ದೂ ಸುಲಿಯಲು ತನ್ನ ಕೈ ಬಿಟ್ಟು ನನ್ನ ತಮ್ಮನ ಕೈ ಹುಡುಕಿದ.

"ಮತ್ತ ಉಸ್ತಾದರ ಮ್ಯಾಲ ಯಾಕ ಹಾಕಿದ್ರಿ?"

"ದನಾ ಸಾಯಾಕತ್ತಿದ್ವು, ಊರಾಗ ಎಲ್ಲಾರೂ ನನ್ನೇ ಕೇಳಾಕತ್ತಿದ್ರು. ತೆಗ್ಗಿನಾಗಿಂದು ತೆಗ್ದೀನಿ ಅಂತ ಹೇಳ್ಲೇನು? ಆಗಿನ ದಿನಾನೇ ಹಂಗಿದ್ವು, ಯಾವನರೆ ತುರುಕನ ಹೆಸರು ಹೇಳಿದ್ರ ಮುಗೀತಿತ್ತು." ಗೊನೆ ಕೆಳಗಿಟ್ಟು ನನ್ನ ಮುಖ ನೋಡಿದ. "ಆ ಬಾಂಬಿನ ಕಥಿ ನಾ ಕಟ್ಟಿದ್ದಲ್ಲ ಮಾಪ್ಯಾ. ನೀ ಹೇಳಿದ್ದು. ಎಲ್ಲಾ ನನ್ನೊಬ್ಬನ ಮ್ಯಾಲ ಹಾಕಬ್ಯಾಡ."

ನಲವತ್ತು ವರ್ಷದ ಗೆಳೆತನ ಉಸ್ತಾದ್. ನನಗೆ ಅವನ ಮೇಲೆ ಕೈ ಎತ್ತಬೇಕೆನಿಸಲಿಲ್ಲ, ಬೈಯಬೇಕೆಂದೂ ಅನಿಸಲಿಲ್ಲ. ಇಷ್ಟು ವರ್ಷ ನನ್ನ ಮಾತು ಕೇಳುತ್ತ ಕುಳಿತವನು ನನ್ನಿಂದ ಏನು ತೆಗೆದುಕೊಳ್ಳಬಹುದು ಎಂದೇ ನೋಡುತ್ತಿದ್ದನೇ ಎಂಬುದೊಂದೇ ತಲೆಯಲ್ಲಿ ಸುತ್ತುತ್ತಿತ್ತು. ಕಲಬುರಗಿಯ ಹಾದಿ ಹಿಡಿದವನಿಗೆ ಆ ಆಕಳನ್ನು ನೋಡಲು ಬಂದಿದ್ದೆ ಎಂಬುದೂ ಮರೆತುಹೋಯಿತು. ಆಕಳ ಯಜಮಾನನೇ ಹಿಂದೆ ಓಡಿ ಬಂದು ಕರೆದುಕೊಂಡು ಹೋದ. ಕರು ಬದುಕಿತು.

ಆರನೇ ತಾರೀಖಿಗೆ ನಾನು ಕಚೇರಿಯಲ್ಲಿ ಇರುತ್ತೇನೆ. ಸಾಬಮ್ಮನೂ ಬರುತ್ತಾಳೆ, ತೋಟದ ಕೂಲಿ ಬಿಟ್ಟು ನಮ್ಮ ಮನೆಗೆ ಬಂದಿದ್ದಾಳೆ. ಬಾನಿಯನ್ನು ಜಪ್ತಿ ಮಾಡಿ ತರಿಸಿರಿ ಎಂದು ನಮ್ಮ ಡಾಕ್ಟರ ಕೈಯಿಂದ ಬರೆಸಿ ಕಚೇರಿಗೆ ಕೊಟ್ಟಿದ್ದೇನೆ, ಬರಿಗೈಯಿಂದ ಮುಟ್ಟಬಾರದು ಎಂಬುದನ್ನೂ ಸೇರಿಸಿ. ನಿಮ್ಮ ಮೂರು ಬರೆ ಅದರ ಮೇಲಿವೆ.

ಸಹಿ ಮಾಡಿದವರ ಹೆಸರು ಕೇಳಿದ್ದಿರಿ. ದೌಲಪ್ಪ, ಅವನ ಅಳಿಯ ಗುಂಡಣ್ಣ, ಪಟವಾರಿ ದತ್ತಪ್ಪ, ಕಿರಾಣಿ ಅಂಗಡಿಯ ಸಾಯಬಣ್ಣ.

ನಿಮ್ಮ ಮಗಳಿಗೆ, ಅಳಿಯಂದಿರಿಗೆ ನನ್ನ ಸಲಾಂ ಹೇಳಿರಿ. ಮೊಮ್ಮಕ್ಕಳು ನಿಮ್ಮ ಗಡ್ಡ ಹಿಡಿದು ಎಳೆಯುವಷ್ಟು ದೊಡ್ಡವರಾಗಲಿ, ಅದಕ್ಕಿಂತಲೂ ದೊಡ್ಡವರಾಗಿ ನಿಮ್ಮ ಮೊಣಕಾಲು ಒತ್ತಲಿ. ನಿಮ್ಮ ಅಲ್ಲಾಹು, ನಮ್ಮ ಶರಣಬಸಪ್ಪ ಇಬ್ಬರೂ ನಿಮ್ಮನ್ನು ಚೆನ್ನಾಗಿ ಇಟ್ಟಿರಲಿ. ಸಾವಿತ್ರಿಬಾಯಿ ನಿಮಗೆ ನಮಸ್ಕಾರ ತಿಳಿಸಿದ್ದಾಳೆ.

ನಿಮ್ಮ
ಮಾಪಣ್ಣ

ತಾ.ಕ.: ನಾಲ್ಕು ಹೆಸರು ಬರೆದು ಲಕೋಟೆಗೆ ಅಂಟು ಹಚ್ಚಿದ್ದೆ. ಮತ್ತೆ ಬಿಚ್ಚಿದೆ. ಐದನೆಯ ಸಹಿ ನನ್ನದು. ಆಗ ತೊಗಲಿನ ಸಂಗತಿ ಗೊತ್ತಿರಲಿಲ್ಲ, ಅದು ನಿಜ. ಆದರೆ ನೀವು ಬಾವಿಗೆ ಏನೂ ಹಾಕಿಲ್ಲ ಎಂಬುದು ಗೊತ್ತಿತ್ತು. ಮಿಲಿಟರಿಗೆ ಹೆದರಿ ಮಾಡಿದೆ ಎಂದು ಬರೆದರೆ ನೀವು ಕ್ಷಮಿಸಿಬಿಡುತ್ತೀರಿ, ಅದಕ್ಕೇ ಹಾಗೆ ಬರೆಯುವುದಿಲ್ಲ. ದೌಲಪ್ಪ ಆವತ್ತು ನನ್ನನ್ನು ಕಟ್ಟೆ ಹತ್ತಿಸಿ ಒಳಗೆ ಕರೆದ. ಆ ನಾಲ್ವರ ಜೊತೆ ಜಮಖಾನೆಯ ಮೇಲೆ ಕೂರಿಸಿದ. ಅವನ ಹೆಂಡತಿ ಭಾಗಮ್ಮ ಅವರಿಗೆ ಕೊಟ್ಟಂಥದೇ ಕಪ್ಪಿನಲ್ಲಿ ನನಗೂ ಚಹಾ ಕೊಟ್ಟಳು. ಅವರ ಹೆಸರುಗಳ ಕೆಳಗೆ ನನ್ನ ಹೆಸರನ್ನು ಮಾಪ್ಯಾ ಎಂದಲ್ಲ, ಮಾಪಣ್ಣ ಎಂದು ಬರೆದಿದ್ದರು. ಅರ್ಜಿ ಉರ್ದುವಿನಲ್ಲಿತ್ತು. ಮೇಲಿಂದ ಕೆಳಗಿನತನಕ ಓದಿ ಸಹಿ ಮಾಡಿದೆ. ನಮ್ಮ ಕೇರಿಯವನಿಗೆ ಓದು ಎಲ್ಲಿ ಬರುತ್ತದೆ, ಮೋಸ ಮಾಡಿ ಸಹಿ ಹಾಕಿಸಿಕೊಂಡರು ಎಂದು ಆರನೇ ತಾರೀಖು ನಾನು ಹೇಳಿದರೆ ಇಡೀ ಕಚೇರಿ ನಂಬುತ್ತದೆ. ನೀವೊಬ್ಬರು ನಂಬುವುದಿಲ್ಲ. ಔಷಧದ ಬಾಟಲಿಗಳನ್ನು ಸಾಲಾಗಿ ಇಟ್ಟು, ಬೆರಳು ಹಿಡಿದು ಆ ಅಕ್ಷರ ಕಲಿಸಿದವರು ನೀವು.