ಬೀಗರೇ, ನಮ್ಮ ಸಿನಿಮಾ ವಾಪಸ್ ಕೊಡ್ರಿ

ಜಾನಪದ ಚಿತ್ರೀಕರಣ ಯೋಜನೆಯ ಮಾನ್ಯ ಅಧಿಕಾರಿಗಳೇ,

ನಮ್ಮ ಸುರೇಬಾನದ ಕೃಷ್ಣವ್ವ ನಿಮ್ಮ ಹೊಟ್ಟೆಯ ಮೇಲೆ ಹಾಡು ಕಟ್ಟಿದ್ದು ನಿಜ. ಊರೆಲ್ಲ ಬಿದ್ದು ಬಿದ್ದು ನಕ್ಕಿದ್ದೂ ನಿಜ. ಅಷ್ಟಕ್ಕೇ ಕ್ಯಾಮರಾದ ಮೆಮರಿ ಕಾರ್ಡ್ ಕಿತ್ತುಕೊಂಡು ಜೀಪು ಹತ್ತುವುದೇ?

ರಾಮದುರ್ಗದ ಕ್ಯಾಮರಾ ತರಬೇತಿಯಲ್ಲಿ ನೀವೇ ನಮಗೊಂದು ಚಿತ್ರ ತೋರಿಸಿದಿರಿ. ದೂರದೇಶದ ಮಳೆಕಾಡಿನ ಜನ ತಮ್ಮ ಹಾಡು, ಬೇಟೆ, ಅಡುಗೆಗಳನ್ನು ಉಳಿಸಿಕೊಳ್ಳಲು ತಾವೇ ಕ್ಯಾಮರಾ ಹಿಡಿದು ಮಾಡಿದ್ದು. ಅದರಲ್ಲಿ ಪಟ್ಟಣದ ಸಾಹೇಬನೊಬ್ಬ ದೋಣಿ ಹತ್ತಲು ಹೋಗಿ ದಬಕ್ಕನೆ ಕೆಸರಿಗೆ ಬಿದ್ದ. ಕಾಡಿನ ಮುದುಕಿಯರು ಹೊಟ್ಟೆ ಹಿಡಿದುಕೊಂಡು ನಕ್ಕರು. ನೀವು ಚಪ್ಪಾಳೆ ತಟ್ಟಿ, “ಕ್ಯಾಮರಾ ಊರವರ ಕೈಯಲ್ಲಿದ್ದರೆ ಮಾತ್ರ ಊರಿನ ನಿಜವಾದ ನಗು ಸಿಗುತ್ತದೆ” ಎಂದಿರಿ. ಟೆಂಪೋ ಓಡಿಸುವ ನನಗೆ ದೊಡ್ಡವರ ಮಾತು ನಂಬುವ ಚಟ. ನಂಬಿದೆ.

ನಮ್ಮಲ್ಲಿ ಮಳೆಕಾಡು ಎಲ್ಲಿಯದು? ಮಳೆಯೇ ಹಾದಿ ತಪ್ಪಿ ಬರುವ ಸೀಮೆ. ಆದರೆ ಕೃಷ್ಣವ್ವ ಇದ್ದಾಳೆ. ಮದುವೆಯಲ್ಲಿ ಹೆಣ್ಣಿನ ಕಡೆಯವರು ಗಂಡಿನ ಕಡೆಯ ಬೀಗರನ್ನು ಹಾಡಿನಲ್ಲೇ ಬೈಯುವುದು ನಮ್ಮ ಪದ್ಧತಿ. ಡಿ.ಜೆ. ಬಂದ ಮೇಲೆ ಆ ಹಾಡು ಬಲ್ಲವಳು ಊರಿಗೆ ಇವಳೊಬ್ಬಳೇ. ನನ್ನ ನಿಕಾಹದಲ್ಲಿ ನನ್ನ ಹೆಂಡತಿ ಅಜೀಜಾಬಿಯ ಕಡೆ ನಿಂತು ನನ್ನ ಕಿವಿಗಳನ್ನು ಮೊರಕ್ಕೆ ಹೋಲಿಸಿದವಳೂ ಇವಳೇ. ನಾನೇನು ಕಿವಿ ಜಪ್ತಿ ಮಾಡಿಕೊಂಡು ಮನೆಗೆ ಹೋದೆನೇ?

ಚಿತ್ರೀಕರಣದ ದಿನ ಅವಳು ಹಾಡಲು ಬಾಯೇ ತೆರೆಯಲಿಲ್ಲ. “ಎದುರಿಗೆ ಬೀಗ ಇಲ್ಲದ ಹೆಂಗ ಬೈಲೆಪಾ? ಗ್ವಾಡಿಗೆ ಬೈಲೇನು?” ಎಂದಳು. ತಪಾಸಣೆಗೆ ಬಂದಿದ್ದ ನೀವೇ “ನಾನು ಕೂರುತ್ತೇನೆ” ಎಂದಿರಿ. ನಾವೇನು ಕೈಕಾಲು ಕಟ್ಟಿ ಕೂರಿಸಿದೆವೇ? ತಲೆಗೆ ಪಟಗ ಸುತ್ತಿಸಿಕೊಂಡು, ಚಾಪೆಯ ಮೇಲೆ ಕುಳಿತು, ಮೀಸೆ ಬೇರೆ ತಿರುವಿದಿರಿ. ಅವಳು ಶುರುಮಾಡಿದಳು:

ಹೊಟ್ಟಿ ಮೊದಲ ಬಂತ, ಬೀಗ ಆಮ್ಯಾಲ ಬಂದಾನ
ರೊಟ್ಟಿ ಬುಟ್ಟಿ ಬರಿದಾಗಿ, ಬುಟ್ಟೀನೂ ನೆಕ್ಕ್ಯಾನ

ಹೀಗೇ ನುಡಿಯ ಮೇಲೆ ನುಡಿ, ತನಗೆ ಬರುವುದನ್ನೆಲ್ಲ ಹಾಡಿದಳು. ಕೊನೆಗೆ ನೀವು ಎದ್ದು, “ಇದು ಸರಕಾರಿ ಹುದ್ದೆಗೆ ಅವಮಾನ!” ಎಂದು ಗುಡುಗಿದಿರಿ. ಪಟಗ ಇನ್ನೂ ತಲೆಯ ಮೇಲೇ ಇತ್ತು. ಸಾಹೇಬರೇ, ಮಳೆಕಾಡಿನ ಕೆಸರಿಗೆ ಬಿದ್ದರೆ ಸಂಸ್ಕೃತಿ, ಸುರೇಬಾನದ ಚಾಪೆಯ ಮೇಲೆ ಕುಳಿತರೆ ಅವಮಾನವೇ? ಈಗ ಕೇಳಿದರೆ ಕಾರ್ಡು “ಪರಿಶೀಲನೆಯಲ್ಲಿದೆ” ಎನ್ನುತ್ತೀರಿ. ಪರಿಶೀಲಿಸಲು ಏನಿದೆ? ಹೊಟ್ಟೆ ನಿಮ್ಮ ಹತ್ತಿರವೇ ಇದೆಯಲ್ಲ.

ತಮಾಷೆ ಸಾಕು. ಕೃಷ್ಣವ್ವನಿಗೆ ಈಗ ದಮ್ಮು ಹೆಚ್ಚಾಗಿದೆ. ಅಂದು ಹಾಡಿದಷ್ಟನ್ನು ಮತ್ತೆ ಹಾಡಲು ಅವಳ ಎದೆಯಲ್ಲಿ ಗಾಳಿಯಿಲ್ಲ. ಅವಳ ಹಾಡೆಲ್ಲ ಇರುವುದು ನಿಮ್ಮ ಕಪಾಟಿನ ಆ ಕಾರ್ಡಿನಲ್ಲಿ ಮಾತ್ರ. ಮಕ್ಕಳಿಲ್ಲದ ಆಕೆ ಜೀವಮಾನವೆಲ್ಲ ಹಾಡಿದ್ದು ಮಂದಿಯ ಬೀಗರಿಗೆ. ನೀವೊಬ್ಬರೇ ಅವಳ ಸ್ವಂತ ಬೀಗರು. ದಿನಾ ಸಂಜೆ ಕೇಳುತ್ತಾಳೆ: “ನಜೀರಾ, ನಮ್ಮ ಬೀಗರ ಸಿಟ್ಟು ಇಳೀತೇನೋ?”

ಆದ್ದರಿಂದ ಕಾರ್ಡು ಕೊಡಿ. ಮುನಿದು ಎದ್ದ ಬೀಗನನ್ನು ಹೆಣ್ಣಿನ ಕಡೆಯವರೇ ಹೋಗಿ ಸಮಾಧಾನ ಮಾಡುವುದು ರೂಢಿ. ಬರುವ ಸೋಮವಾರ ಊರಿನ ಹೆಂಗಸರೆಲ್ಲ ಹೋಳಿಗೆ ಕಟ್ಟಿಕೊಂಡು ನನ್ನ ಟೆಂಪೋದಲ್ಲಿ ನಿಮ್ಮ ಕಚೇರಿಗೆ ಬರುತ್ತಿದ್ದಾರೆ. ಕಾರ್ಡು ಕೊಟ್ಟರೆ ಹೋಳಿಗೆ. ಕೊಡದಿದ್ದರೆ, ಕೃಷ್ಣವ್ವನಲ್ಲಿ ಇನ್ನೊಂದು ನುಡಿಗೆ ಸಾಲುವಷ್ಟು ಉಸಿರಿದೆ. ನನ್ನ ಮೊಬೈಲ್ ಫುಲ್ ಚಾರ್ಜ್ ಇದೆ.

ಇಂತಿ,
ನಿಮ್ಮ ಹೆಣ್ಣಿನ ಕಡೆಯವ,
ಮೊರಕಿವಿಯ ನಜೀರಸಾಬ, ಸುರೇಬಾನ