ಒಂದು ಬುಟ್ಟಿ ಮಣ್ಣೂ

ಯಶೋದಕ್ಕಾ,

ಮೊದಲು ಕಚೇರಿಯವರು ಹೇಳಿದ್ದು. ನೆರೆಯಲ್ಲಿ ಮನೆ ಬಿದ್ದವರಿಗೆ ಮನೆ ಮಂಜೂರು ಎಂದರು, ಆಯಿತು. ಹೊಸ ತಳಪಾಯ ಹಳೆಯದಕ್ಕಿಂತ ಮೂರು ಅಡಿ ಎತ್ತರ ಬೇಕು ಎಂದರು, ಚಿರೆಕಲ್ಲಿನಲ್ಲಿ ಕಟ್ಟಿಸಿದೆ. ಒಳಗೆ ತುಂಬಲು ನಿನ್ನದೇ ಜಾಗದ ಗುಡ್ಡದಿಂದ ಮಣ್ಣು ತೆಗೆಯಬಹುದು, ಒಂದು ಅರ್ಜಿ ಸಾಕು, ಎಂಟು ದಿನದಲ್ಲಿ ಅನುಮತಿ ಎಂದರು. ಅದು ಡಿಸೆಂಬರಿನ ಮಾತು. ಈಗ ಮೇ ಅರ್ಧ ಕಳೆದಿದೆ. ಅನುಮತಿ ಇಲ್ಲ. ನಕ್ಷೆ ಇಲ್ಲವೆಂದು ಒಮ್ಮೆ, ಪಹಣಿಯಲ್ಲಿ ಹೆಸರಿರುವ ನಿನ್ನ ಮೈದುನ ಮಾದುವಿನ ಒಪ್ಪಿಗೆ ಇಲ್ಲವೆಂದು ಇನ್ನೊಮ್ಮೆ ಅರ್ಜಿ ವಾಪಸು ಬಂತು. ಎರಡನ್ನೂ ಕೊಟ್ಟೆವು. ಮೂರನೇ ಸಲ ಯಾಕೆ ವಾಪಸು ಬಂತೆಂದು ನಾನು ಫೋನಿನಲ್ಲಿ ಹೇಳಲಿಲ್ಲ. ಕಡತದಲ್ಲಿ ಏನೋ ತೊಡಕು ಎಂದೆ. ಆ ತೊಡಕಿನ ಹೆಸರು ರಾಮನಾಥ, ನಾನೇ.

ಇದನ್ನು ಭವ್ಯಾ ನಿನಗೆ ಓದಿ ಹೇಳುತ್ತಾಳೆ. ಮಗಳೇ, ಅಮ್ಮನಿಗೆ ಬೇಜಾರಾಗುತ್ತದೆಂದು ಎಲ್ಲೂ ಬಿಟ್ಟು ಓದಬೇಡ.

ಮೊನ್ನೆ ಕಾರವಾರದ ಆ ಕಚೇರಿಗೆ ಮೇಜು ಗುದ್ದಿ ಮಾತಾಡಲೆಂದೇ ಹೋಗಿದ್ದೆ. ಗುಮಾಸ್ತ ನನ್ನನ್ನು ಕೂರಿಸಿ, ಹಳೆಯ ಕಡತದಿಂದ ಒಂದು ಹಾಳೆ ತೆಗೆದು ಮುಂದಿಟ್ಟ. ಹನ್ನೊಂದು ವರ್ಷದ ಹಿಂದೆ ನಿಮ್ಮೂರ ಗುಡ್ಡ ಉಳಿಸಲು ನಾವು ಕೊಟ್ಟ ಮನವಿ. "ಅಕ್ಷರ ನಿಮ್ದೇ ಅಲ್ವಾ ಮಾಸ್ತರ್ರೇ? ಚಲೋ ಅದೆ," ಎಂದ. ಮೂರನೇ ಸಾಲಿನ ಕೆಳಗೆ ಕೆಂಪು ಗೆರೆ ಎಳೆದಿದ್ದರು: ಈ ಗುಡ್ಡದಿಂದ ಯಾರೂ, ಯಾವ ಕಾರಣಕ್ಕೂ, ಒಂದು ಬುಟ್ಟಿ ಮಣ್ಣೂ ತೆಗೆಯಕೂಡದು. ಆಗ ಅದರಂತೆಯೇ ಆದೇಶ ಹೊರಡಿಸಿದ್ದರು. ಆದೇಶ ಇನ್ನೂ ಜಾರಿಯಲ್ಲಿದೆ. ಕೆಳಗಿನ ನಲವತ್ತೆರಡು ಸಹಿಗಳಲ್ಲಿ ಮೊದಲನೆಯದು ನಿನ್ನ ಹೆಬ್ಬೆಟ್ಟು.

ನಿನಗೆ ನೆನಪಿದ್ದೇ ಇರುತ್ತದೆ. ದಿನಕ್ಕೆ ಇಪ್ಪತ್ತು ಲಾರಿ ಗುಡ್ಡ ಹೊತ್ತು ಹೆದ್ದಾರಿಗೆ ಇಳಿಯುತ್ತಿದ್ದ ಕಾಲ. ಶಾಲೆಯ ಜಗಲಿಯಲ್ಲಿ ನಾನು ಮನವಿ ಓದಿದೆ. ಎಲ್ಲರೂ ಹೌದು ಹೌದು ಎಂದರು. ನೀನೊಬ್ಬಳೇ ಎದ್ದು ನಿಂತೆ. "ತಮಾ, ಲಾರಿಗೆ ಕೊಡೂದು ಬೇಡ ಅಂತ ಬರಿ. ಕೇರಿಯವ್ರು ಮನೆ ಕಟ್ಟೂಕೆ ಮಣ್ಣು ಮತ್ತೆಲ್ಲಿಂದ ತರೂದು? ಅದನ್ನೂ ಬರಿ."

ನಿಮ್ಮ ಕೇರಿಯಲ್ಲಿ ಯಾರ ಮನೆ ಏಳುವುದಿದ್ದರೂ ಮನೆಗೊಬ್ಬರಂತೆ ಬಂದು ಒಂದೊಂದು ಬುಟ್ಟಿ ಮಣ್ಣು ಸುರಿದು, ನೀರು ಹಾಕಿ, ತುಳಿದು ಗಟ್ಟಿ ಮಾಡಿ ಹೋಗುತ್ತಾರೆ. ಕೇರಿಯವರು ತುಳಿಯದ ನೆಲದಲ್ಲಿ ಒಲೆ ಹೂಡುವುದಿಲ್ಲ. ಇದು ನನಗೆ ಗೊತ್ತಿತ್ತು. ನಾನೂ ಒಮ್ಮೆ ತುಳಿದು, ಮೊಣಕಾಲವರೆಗೆ ಕೆಂಪಾಗಿ ಹಬ್ಬುವಾಡದ ನನ್ನ ಮನೆಗೆ ಬಂದಿದ್ದೆ. ಆದರೂ ನಿನಗೆ ಭಾಷಣ ಕೊಟ್ಟೆ: ಒಂದು ಕಿಂಡಿ ಬಿಟ್ಟರೆ ಅದರಲ್ಲೇ ಲಾರಿ ನುಗ್ಗುತ್ತದೆ, ಹೋರಾಟಕ್ಕೆ ವಿನಾಯಿತಿ ಇಲ್ಲ. ಜನ ಚಪ್ಪಾಳೆ ಹೊಡೆದರು. ನೀನು "ಓದಿದವ್ರು ನೀವು," ಎಂದು ಹೆಬ್ಬೆಟ್ಟು ಒತ್ತಿದೆ. ಅದನ್ನು ನಾನು ಹೊಗಳಿಕೆ ಎಂದುಕೊಂಡೆ.

ಲಾರಿಗಳು ನಿಂತವು. ಆ ಹೋರಾಟದ ಬಗ್ಗೆ ನನಗೆ ಇಂದಿಗೂ ನಾಚಿಕೆಯಿಲ್ಲ. ಗುಡ್ಡ ತಿಂದು ತೇಗಿದವರ ಪರವಾನಗಿ ಆಗ ಒಂದು ಕಚೇರಿಯಿಂದ ಇನ್ನೊಂದಕ್ಕೆ ಓಡಿಕೊಂಡು ಹೋಗುತ್ತಿತ್ತು. ನಿನ್ನ ಅರ್ಜಿ ಐದು ತಿಂಗಳಿಂದ ಕುಂಟುತ್ತಿದೆ. ಇದನ್ನು ನಾನು ಯಾವ ಸಭೆಯಲ್ಲೂ ಹೇಳುತ್ತೇನೆ. ಆದರೆ ನಿನ್ನ ಕಾಲಿಗೆ ಕಟ್ಟಿದ ಹಗ್ಗ ಅವರು ಹೊಸೆದದ್ದಲ್ಲ, ನಾನು ಹೊಸೆದದ್ದು. ಅದನ್ನೂ ಹೇಳಬೇಕು.

ಹೊನ್ನ ಭಾವ ಕಾಯುವುದು ಸಾಕೆಂದು ಬುಟ್ಟಿ ಹಿಡಿದು ಗುಡ್ಡಕ್ಕೆ ಹೊರಟನಂತೆ. ನೀನು ಗಂಡನ ಕೈಯಿಂದ ಬುಟ್ಟಿ ಕಿತ್ತುಕೊಂಡೆಯಂತೆ. "ನಮ್ಮ ಮಣ್ಣು ನಾವೇ ಕದಿಯೂದಾ? ಕದ್ದ ಮಣ್ಣಿನ ಮೇಲೆ ನಾ ಒಲೆ ಹೂಡೂದಿಲ್ಲ," ಎಂದೆಯಂತೆ. ಭವ್ಯಾ ಹೇಳಿದಳು. ಮಳೆಗೆ ಇನ್ನು ಮೂರು ವಾರ. ತುಂಬದ ತಳಪಾಯದಲ್ಲಿ ನೀರು ನಿಂತರೆ ಕಲ್ಲು ಜರಿಯುತ್ತದೆ. ಆಮೇಲೆ ನಿಮ್ಮ ಮೂವರಿಗೂ ಇನ್ನೊಂದು ಮಳೆಗಾಲ ಕೊಟ್ಟಿಗೆಯೇ ಗತಿ.

ನಿನ್ನೆ ನಿಮ್ಮ ಕೇರಿಗೆ ಬಂದಿದ್ದೆ. ನಿನ್ನಲ್ಲಿಗೆ ಬರಲಿಲ್ಲ, ಮುಖ ಇರಲಿಲ್ಲ. ಆ ಆದೇಶ ಬದಲಾಯಿಸಲು ಹೊಸ ಮನವಿ ಬರೆದು, ಮೂರನೇ ಸಾಲು ಖಾಲಿ ಬಿಟ್ಟು, ಹಳೆಯ ಸಹಿಗಳವರ ಮನೆ ಮನೆ ತಿರುಗಿದೆ. ಆ ಸಾಲು ಯಶೋದಕ್ಕ ಹೇಳಿದಂತೆ ಬರೆಯುವುದು ಎಂದೆ. ಸಿಕ್ಕವರು ಮೂವತ್ತೆರಡು ಮಂದಿ. ಯಶೋದಾ ಹೇಳಿದ್ದು ಆಗ್ತದೆ ಎಂದು ಮೂವತ್ತೊಂದು ಮಂದಿ ಸಹಿ ಹಾಕಿದರು. ಉಳಿದವನು ಜಟ್ಟು. "ನಾಳೆ ಲಾರಿಯವ ಬಂದು ನಂದೂ ಮನೆಕೆಲ್ಸ ಅಂದ್ರೆ ಎಂತಾ ಹೇಳೂದು?" ಎಂದು ಕೇಳಿದ. ನನ್ನದೇ ಹಳೆಯ ಭಾಷಣ. ನಿನ್ನ ಉತ್ತರ ಕೇಳಿಯೇ ಸಹಿ ಹಾಕುವೆನೆಂದು ಸೋಮವಾರ ಸಾಹೇಬರ ಕಚೇರಿಗೆ ಅವನೂ ಬರುತ್ತಾನೆ.

ಲಾರಿಯವನ ಮಣ್ಣು ತುಳಿಯಲು ಯಾವ ಕೇರಿ ಹೋಗುತ್ತದೆ ಎಂದು ನೀನು ಕೇಳಬಹುದು. ಅಥವಾ ಬೇರೇನೋ. ನಾನು ಮುಂಚೆಯೇ ಬರೆದುಕೊಂಡು ಬರುವುದಿಲ್ಲ. ಸಾಹೇಬರ ಎದುರಿಗೇ ನೀನು ಹೇಳು, ನಾನು ಬರೆಯುತ್ತೇನೆ. ಒಂದು ಮಾತೂ ಕಡಿಮೆ ಮಾಡುವುದಿಲ್ಲ.

ಈ ಮಳೆಗಾಲ ನಿನ್ನ ಒಲೆ ನೀರಿಗಿಂತ ಎತ್ತರದಲ್ಲಿ ಉರಿಯಲಿ.

ನಿನ್ನ ತಮ್ಮ,
ರಾಮನಾಥ

ಸೋಮವಾರ, ಬೆಳಿಗ್ಗೆ ಹನ್ನೊಂದು ಗಂಟೆಗೆ ಸಾಹೇಬರು ನಮ್ಮನ್ನು ಕರೆದಿದ್ದಾರೆ. ನಾನು ಹತ್ತಕ್ಕೇ ಕಾರವಾರದ ಬಸ್‌ಸ್ಟ್ಯಾಂಡಿನಲ್ಲಿ ನಿಂತಿರುತ್ತೇನೆ.